ಒದ್ದೆಯಾದ ಕಡತ

ಊರಿನ ಇತಿಹಾಸವೆಂದರೆ ಅರಸರ ದಾನದತ್ತಿಗಳ ವೃತ್ತಾಂತವೆಂದೇ ನಾವು ಬಹುಕಾಲ ಭಾವಿಸಿದ್ದೆವು. ಮಠದ ಪಾಠಶಾಲೆಯಲ್ಲಿ ಕಲಿತ ನಮಗೆ ಗ್ರಂಥವೇ ಪ್ರಮಾಣವಾಗಿತ್ತು. ಆ ಭಾವನೆಯ ಕೊರತೆಯನ್ನು ಮನಗಾಣಿಸಿದುದು ಹೊನ್ನಾಳಿ-ನ್ಯಾಮತಿ ಸೀಮೆಯ ಗೋವಿನಕೋವಿ ಗ್ರಾಮ.

ಸುಮಾರು 40 ವರ್ಷಗಳ ಹಿಂದೆ ಶ್ರಾವಣಮಾಸದ ಪುರಾಣಪ್ರವಚನಕ್ಕಾಗಿ ನಾವು ಆ ಊರಿಗೆ ಹೋಗಿದ್ದೆವು. ಬಿ. ಎಲ್. ರೈಸ್ ಅವರು ಸಂಪಾದಿಸಿದ ‘ಎಪಿಗ್ರಾಫಿಯಾ ಕರ್ನಾಟಿಕಾ’ದ 7ನೆಯ ಸಂಪುಟವು ಜೊತೆಯಲ್ಲಿತ್ತು. 1902ರಲ್ಲಿ ಪ್ರಕಟವಾದ ಅದರಲ್ಲಿ ಹೊನ್ನಾಳಿ, ಚನ್ನಗಿರಿ ತಾಲ್ಲೂಕುಗಳ ಶಾಸನಗಳು ಸೇರಿವೆ. ಸಮೀಪದ ಬೆಳಗುತ್ತಿಯಿಂದ ಆಳಿದ ಸಿಂದ ಅರಸರ ವಿಷಯವನ್ನು ನಾವು ಭಕ್ತರಿಗೆ ಹೇಳುತ್ತಿದ್ದೆವು. ಅದನ್ನು ಕೇಳಿದ ವೃದ್ಧ ತಾಯಿಯೊಬ್ಬರು, “ಅಯ್ನೋರೇ, ರಾಜರ ಬರಹ ಓದ್ತೀರಿ, ನಮ್ಮನೇದೂ ಒಂದೀಟು ಓದಿ ಹೇಳ್ರಿ” ಎಂದು ತಮ್ಮ ಮನೆಗೆ ಕರೆದೊಯ್ದರು.

ಅಟ್ಟದಿಂದ ಅವರು ಇಳಿಸಿದುದು ಒಂದು ಕಡತ. ಬಟ್ಟೆಗೆ ಹುಣಿಸೆಬೀಜದ ಅಂಟನ್ನೂ ಇದ್ದಿಲಪುಡಿಯನ್ನೂ ಬಳಿದು, ಮಡಿಕೆಮಡಿಕೆಯಾಗಿ ಮಡಿಸಿ, ಬಳಪದಿಂದ ಬರೆಯುತ್ತಿದ್ದ ಹಳೆಯ ಲೆಕ್ಕದ ಪುಸ್ತಕವದು. ಬರಗಾಲದ ಒಂದು ವರ್ಷ ಯಾರು ಯಾರು ಹಗೇವು ತೆಗೆದು ದಾಸೋಹಕ್ಕೆ ಎಷ್ಟು ಧಾನ್ಯ ಕೊಟ್ಟರೆಂಬುದು ಅದರಲ್ಲಿತ್ತು. ಒಕ್ಕಲಿಗರು, ಗಾಣಿಗರು, ಕುಂಬಾರರು, ವಿಧವೆಯರು—ಎಲ್ಲರ ಹೆಸರೂ ಒಂದೇ ಸಾಲಿನಲ್ಲಿದ್ದವು. ಯಾವ ಕಲ್ಲಿನ ಮೇಲೂ ಇಲ್ಲದ ಹೆಸರುಗಳು! ನಾವು ನಾಲ್ಕು ಮಡಿಕೆ ಓದಿ, “ಮುಂದಿನ ಶ್ರಾವಣಕ್ಕೆ ಬಂದು ಪ್ರತಿಮಾಡಿಕೊಳ್ಳುತ್ತೇವೆ ತಾಯಿ” ಎಂದು ಮರಳಿದೆವು. ಕಾಗದವೂ ಇತ್ತು, ಲೇಖನಿಯೂ ಇತ್ತು; ಇಲ್ಲದಿದ್ದುದು ಶ್ರದ್ಧೆ.

ಮರುವರ್ಷ ಹೋದಾಗ ಆ ತಾಯಿ ಬರಿಯ ಕರಿಬಟ್ಟೆಯನ್ನು ನಮ್ಮ ಮುಂದಿಟ್ಟರು. ಮಳೆಗೆ ಹೆಂಚು ಸೋರಿ, ಬಳಪದ ಅಕ್ಷರಗಳೆಲ್ಲ ತೊಳೆದುಹೋಗಿದ್ದವು. “ನಿಮ್ಮ ದಾರೀನೇ ಕಾಯ್ತಿತ್ತು ಅಯ್ನೋರೇ” ಎಂದರು. ಅದರಲ್ಲಿ ಆಕ್ಷೇಪವಿರಲಿಲ್ಲ. ಅದಕ್ಕೇ ಆ ಮಾತು ಇಂದಿಗೂ ನಮ್ಮನ್ನು ಬಿಟ್ಟಿಲ್ಲ.

ಫ. ಗು. ಹಳಕಟ್ಟಿಯವರು (1880–1964) ಮನೆಮನೆ ತಿರುಗಿ ತಾಡೆಯೋಲೆಗಳನ್ನು ಕೂಡಿಸಿದ್ದರಿಂದಲೇ 1923ರಲ್ಲಿ ‘ವಚನಶಾಸ್ತ್ರಸಾರ’ದ ಮೊದಲ ಭಾಗ ಬೆಳಕು ಕಂಡಿತು. ಅವರೂ ‘ಮುಂದಿನ ವರ್ಷ ನೋಡೋಣ’ ಎಂದಿದ್ದರೆ ಎಷ್ಟು ಶರಣರ ನುಡಿ ಅಟ್ಟದಲ್ಲಿಯೇ ಮಣ್ಣಾಗುತ್ತಿತ್ತೋ!

ಇಂದು ಊರಿನ ಚರಿತ್ರೆ ಬರೆಯಬಯಸುವ ತರುಣರು ನಮ್ಮಲ್ಲಿಗೆ ಬರುತ್ತಾರೆ. ಅವರಿಗೆ ಮೊದಲು ಹೇಳುವುದಿಷ್ಟು: 1997ರಲ್ಲಿ ದಾವಣಗೆರೆ ಜಿಲ್ಲೆ ರಚನೆಯಾಗುವವರೆಗೆ ಹೊನ್ನಾಳಿ, ಚನ್ನಗಿರಿಗಳು ಶಿವಮೊಗ್ಗ ಜಿಲ್ಲೆಯಲ್ಲಿದ್ದವು, ಜಗಳೂರು ಚಿತ್ರದುರ್ಗದಲ್ಲಿತ್ತು. ಆದ್ದರಿಂದ ಹಳೆಯ ಗ್ರಂಥಗಳಲ್ಲಿ ಆಯಾ ಜಿಲ್ಲೆಯ ಹೆಸರಿನಲ್ಲಿಯೇ ಹುಡುಕಬೇಕು. ನ್ಯಾಮತಿ ತಾಲ್ಲೂಕಾದದ್ದು ಈಚೆಗೆ. ಅದರ ಹಳೆಯ ಊರುಗಳನ್ನು ಹೊನ್ನಾಳಿಯಲ್ಲಿಯೇ ಅರಸಬೇಕು.

ಎರಡನೆಯ ಮಾತು ಎಲ್ಲ ಮನೆಗಳಿಗೂ ಸಲ್ಲುವಂಥದು. ಶಾಸನವನ್ನು ಕಲ್ಲು ಕಾಯುತ್ತದೆ. ಕಡತವನ್ನು ಕಾಯಬೇಕಾದವರು ನಾವು. ಅಟ್ಟದ ಗಂಟನ್ನು ಹೊಳೆಗೆ ಬಿಡುವ ಮುನ್ನ ಒಮ್ಮೆ ಬಿಚ್ಚಿ ನೋಡಿರಿ. ಹಿರಿಯರು ಹೇಳುವುದನ್ನು ಅಂದೇ ಬರೆದಿಡಿರಿ. ಆ ನಾಲ್ಕು ಮಡಿಕೆಗಳಲ್ಲಿ ಕಂಡ ಹೆಸರುಗಳಲ್ಲಿ ಒಂದನ್ನಾದರೂ ನೆನಪಿಸಿಕೊಳ್ಳಲು ನಾವು ಇಂದಿಗೂ ಯತ್ನಿಸುತ್ತಿದ್ದೇವೆ.