ಬರ್ಲಿನ್ನಿನಲ್ಲಿ ಏರು ಸಿಕ್ಕರೆ

ಗೈಡ್ ಹಿಂದೆ ಸಾಲುಗಟ್ಟಿ ಊರು ನೋಡುವವರ ಬಗ್ಗೆ, ತಾವೇ ಅಲೆದು ಊರು ಕಾಣುವವರಿಗೆ ಒಂದು ಸಣ್ಣ ತಾತ್ಸಾರ ಇದ್ದೇ ಇರುತ್ತದೆ. ಕೊಡೆ ಎತ್ತಿ ಹಿಡಿದ ಗೈಡು, ಅವರ ಹಿಂದೆ ಒಂದೇ ಬಣ್ಣದ ಟೋಪಿ ಹಾಕಿಕೊಂಡ ಮಂದೆ. ಆ ದೃಶ್ಯ ಕಂಡು ನಗುವವರಲ್ಲಿ ನಾನೂ ಒಬ್ಬ. ಆದರೆ ಅದೇ ಗೈಡನ್ನು ಸೈಕಲ್ಲಿನ ಮೇಲೆ ಕೂರಿಸಿ, ಮಂದೆಗೂ ತಲಾ ಒಂದು ಸೈಕಲ್ ಕೊಟ್ಟುಬಿಟ್ಟರೆ ನನ್ನ ನಗು ನಿಂತುಹೋಗುತ್ತದೆ. ದುಡ್ಡು ಕೊಟ್ಟು ಸಾಲಿಗೆ ಸೇರಿಕೊಳ್ಳುತ್ತೇನೆ. ಯುರೋಪಿನ ಯಾವುದೇ ಹಳೆಯ ಊರಿಗೆ ಹೋಗಲಿ, ನಾನು ಮೊದಲು ವಿಚಾರಿಸುವುದು ಸೈಕಲ್ ಟೂರ್ ಎಲ್ಲಿಂದ ಹೊರಡುತ್ತದೆ ಅಂತ. ಚರ್ಚು, ಮ್ಯೂಸಿಯಂ ಎಲ್ಲ ಆಮೇಲೆ.

ಈ ಚಟಕ್ಕೆ ಬರ್ಲಿನ್ನಿನಷ್ಟು ಹೇಳಿ ಮಾಡಿಸಿದ ಊರು ಇನ್ನೊಂದಿಲ್ಲ ಎಂಬುದು ನನ್ನ ತೀರ್ಮಾನ. ಚೆಲುವಿನ ಮಾತಾದರೆ ಪ್ರಾಗ್ ನಗರವೇ ಮೇಲು. ಆದರೆ ಪ್ರಾಗ್‌ನಲ್ಲಿ ಹಳೆಯದು ಹಾಗೇ ನಿಂತಿದೆ, ಕಣ್ಣಿದ್ದರೆ ಸಾಕು. ಬರ್ಲಿನ್ನಿನಲ್ಲಿ ನೋಡಬೇಕಾದ್ದರಲ್ಲಿ ಅರ್ಧಕ್ಕರ್ಧ ಇಲ್ಲವೇ ಇಲ್ಲ. ಬಾಂಬು ಬಿದ್ದು ಹೋದದ್ದು ಕೆಲವು, ಸಿಡಿಸಿ ಕೆಡವಿದ್ದು ಕೆಲವು, ಮಣ್ಣು ಹಾಕಿ ಮುಚ್ಚಿದ್ದು ಇನ್ನು ಕೆಲವು. 1961ರ ಆಗಸ್ಟ್ 13ರಂದು ತಂತಿಬೇಲಿಯಾಗಿ ಹುಟ್ಟಿ ಗೋಡೆಯಾಗಿ ಬೆಳೆದು, 1989ರ ನವೆಂಬರ್ 9ರ ರಾತ್ರಿ ದಾರಿ ಬಿಟ್ಟು, ಆಮೇಲೆ ಚೂರುಚೂರಾಗಿ ಹೋದದ್ದು ಮತ್ತೊಂದು. ಬರಿದಾದ ಜಾಗದ ಮುಂದೆ ನಿಂತು "ಇಲ್ಲಿ ಹೀಗಿತ್ತು" ಎನ್ನುವ ಒಂದು ಬಾಯಿ ಬೇಕು. ಆ ಬರಿಜಾಗಗಳ ನಡುವಿನ ದೂರವೋ, ನಡೆದರೆ ಕಾಲು ಸೋಲುವಷ್ಟು. ಬಸ್ಸಿನಲ್ಲಾದರೆ ಗಾಜಿನಾಚೆ ಸರಿದು ಮರೆತೇ ಹೋಗುವಷ್ಟು. ಹಾಗಾಗಿ ಸೈಕಲ್ಲು.

ಟೂರಿನವರು ಕೊಡುವ ಸೈಕಲ್ಲು ತೂಕದ್ದು. ಅಗಲವಾದ ಸೀಟು, ಎದೆಮಟ್ಟಕ್ಕೆ ಬರುವ ಹ್ಯಾಂಡಲ್ಲು. ಬೆನ್ನು ನೆಟ್ಟಗೆ ಮಾಡಿ ಜಮೀನ್ದಾರರ ಗತ್ತಿನಲ್ಲಿ ಕೂತು ತುಳಿಯಬೇಕು. ಅದರಲ್ಲೊಂದು ಪೇಚು ಇದೆ. ಜರ್ಮನಿಯ ಇಂಥ ಎಷ್ಟೋ ಸೈಕಲ್ಲುಗಳಿಗೆ ಹಿಂದಿನ ಬ್ರೇಕು ಪೆಡಲಿನಲ್ಲೇ ಇರುತ್ತದೆ. ಪೆಡಲನ್ನು ಹಿಮ್ಮುಖವಾಗಿ ಒತ್ತಿದಿರೋ, ಗಾಡಿ ಗಕ್ಕನೆ ನಿಲ್ಲುತ್ತದೆ. ಬಾಡಿಗೆ ಸೈಕಲ್ಲಿನಲ್ಲಿ ಒಳಪೆಡಲ್ ಹೊಡೆದು ಕಲಿತ ನಮ್ಮಂಥವರಿಗೆ, ಕಾಲು ಆಡಿಸಲು ಕೆಲಸವಿಲ್ಲದಾಗ ಪೆಡಲನ್ನು ಸುಮ್ಮನೆ ಹಿಂದಕ್ಕೆ ಗರಗರ ತಿರುಗಿಸುವುದು ಒಂದು ಸುಖ. ಆ ಸುಖಕ್ಕೆ ಇಲ್ಲಿ ಅವಕಾಶವಿಲ್ಲ. ಬದಲಿಗೆ ಇನ್ನೊಂದು ಸುಖವಿದೆ: ಬ್ರೇಕು ಕಾಲಿಗೆ ಹೋದದ್ದರಿಂದ ಕೈಗಳಿಗೆ ಬಿಡುವು. ನಿಲ್ಲಬೇಕೆಂಬ ಯೋಚನೆ ತಲೆಯಿಂದ ನೇರವಾಗಿ ಪಾದಕ್ಕೆ ಇಳಿಯುತ್ತದೆ. ಎರಡು ಚೌಕ ದಾಟುವಷ್ಟರಲ್ಲಿ ಕಾಲು ಹೊಸ ಪಾಠ ಕಲಿತಿರುತ್ತದೆ.

ನಮ್ಮ ಗೈಡ್ ಐವತ್ತು ದಾಟಿದ ಹೆಂಗಸು, ಪೂರ್ವ ಬರ್ಲಿನ್ನಿನಲ್ಲಿ ಹುಟ್ಟಿ ಬೆಳೆದವರು. ಹೊರಡುವ ಮುಂಚೆ ಆಕೆ ನಮ್ಮ ತಲೆ ಎಣಿಸಿ ತುಸು ಬೇಸರದಿಂದ ಹೇಳಿದರು: "ಇನ್ನೂ ನಾಲ್ಕು ಜನ ಇದ್ದಿದ್ದರೆ ಚೆನ್ನಾಗಿತ್ತು." ದುಡ್ಡಿನಾಸೆ ಅಂದುಕೊಂಡೆವು. ವಿಷಯ ಬೇರೆ. ಹದಿನೈದಕ್ಕಿಂತ ಹೆಚ್ಚು ಸೈಕಲ್ಲುಗಳು ಒಗ್ಗೂಡಿ ಹೊರಟರೆ ಜರ್ಮನಿಯ ರಸ್ತೆ ಕಾನೂನು ಅವಷ್ಟನ್ನೂ ಒಂದೇ ವಾಹನವೆಂದು ಎಣಿಸುತ್ತದಂತೆ. ಮೊದಲ ಸೈಕಲ್ಲು ಹಸಿರು ದೀಪದಲ್ಲಿ ಚೌಕ ಹೊಕ್ಕರೆ ಸಾಕು, ನಡುವೆ ದೀಪ ಕೆಂಪಾದರೂ ಕೊನೆಯ ಸೈಕಲ್ಲಿನವರೆಗೆ ಎಲ್ಲರೂ ದಾಟಬಹುದು. ಕಾರಿನವರು ಕಾಯಬೇಕು. ನಾವು ಆ ಲೆಕ್ಕ ಮುಟ್ಟದ ಬಡಪಾಯಿಗಳು, ದಾರಿಯುದ್ದಕ್ಕೂ ಬಿಡಿಬಿಡಿಯಾಗಿ ಕೆಂಪು ದೀಪಕ್ಕೆ ಸಿಕ್ಕಿಬೀಳುತ್ತ ಹೋಗಬೇಕಾಯಿತು. ಆಕೆ ಪ್ರತಿ ಚೌಕದಾಚೆ ಒಂದು ಕಾಲು ನೆಲಕ್ಕೂರಿ ನಿಂತು ನಮ್ಮನ್ನು ಕೋಳಿಮರಿ ಎಣಿಸುವ ಹಾಗೆ ಎಣಿಸುತ್ತಿದ್ದರು. ವಾಹನವೇ ಇಲ್ಲದ ರಸ್ತೆಯಲ್ಲೂ ಕೆಂಪು ದೀಪಕ್ಕೆ ಮಿಸುಕದೆ ನಿಲ್ಲುವ ಜರ್ಮನ್ನರ ನಡುವೆ ನಾವೂ ಮಿಸುಕದೆ ನಿಂತೆವು. ಹಾಗೆ ನಿಂತಾಗ ನೋಡಲು ಒಂದು ವಸ್ತುವಿದೆ. ಪಾದಚಾರಿ ದೀಪದೊಳಗಿನ ಹ್ಯಾಟು ತೊಟ್ಟ ಗಿಡ್ಡ ಮನುಷ್ಯ. 1961ರಲ್ಲಿ ಪೂರ್ವ ಬರ್ಲಿನ್ನಿನ ಕಾರ್ಲ್ ಪೆಗ್ಲಾವ್ ಎಂಬ ಸಂಚಾರ ಮನಶ್ಶಾಸ್ತ್ರಜ್ಞ ರೂಪಿಸಿದ್ದು. ಪೂರ್ವ ಜರ್ಮನಿ ಎಂಬ ಆ ದೇಶವೇ ಮಾಯವಾದ ಮೇಲೂ ಈತ ಉಳಿದುಕೊಂಡ. ಪಶ್ಚಿಮದ ಬೀದಿಗಳಿಗೂ ದಾಟಿದ.

ಬೇಬೆಲ್‌ಪ್ಲಾಟ್ಸ್ ಚೌಕಕ್ಕೆ ಬಂದಾಗ ಸೈಕಲ್ಲು ಗಡಗಡ ಅಂದಿತು. ಕಲ್ಲು ಹಾಸಿದ ನೆಲ. ಬರ್ಲಿನ್ನಿನಲ್ಲಿ ಟೈರಿನ ಕೆಳಗೆ ಇಂಥ ಗಡಗಡ ಶುರುವಾಯಿತೆಂದರೆ ಏನೋ ಹಳೆಯದು ಹತ್ತಿರ ಬಂತೆಂದೇ ಲೆಕ್ಕ. ಒಳ್ಳೆಯ ಗೈಡ್ ಯಾರೆಂದು ಗುರುತಿಸಲು ನನ್ನದೊಂದು ಪರೀಕ್ಷೆಯಿದೆ. ಸಾಮಾನ್ಯ ಗೈಡು ವಸ್ತುವನ್ನು ತೋರಿಸಿ ಆಮೇಲೆ ಕತೆ ಹೇಳುತ್ತಾರೆ. ಬಲ್ಲವರು ನಮ್ಮನ್ನು ವಸ್ತುವಿಗೆ ಬೆನ್ನು ಮಾಡಿ ನಿಲ್ಲಿಸಿ, ಕತೆ ಮುಗಿಸಿ, ಆಮೇಲೆ ತಿರುಗಲು ಹೇಳುತ್ತಾರೆ. ಈಕೆ ಎರಡನೆಯ ಪೈಕಿ. 1933ರ ಮೇ 10ರ ರಾತ್ರಿ ವಿದ್ಯಾರ್ಥಿಗಳೇ ಇಲ್ಲಿ ಪುಸ್ತಕಗಳ ರಾಶಿ ಹಾಕಿ ಬೆಂಕಿ ಇಟ್ಟದ್ದನ್ನು ಹೇಳಿ, ಸುಮಾರು 20,000 ಪುಸ್ತಕ ಎಂದು ಹೇಳಿ, ಆಮೇಲೆ "ನಾಲ್ಕು ಹೆಜ್ಜೆ ಹಿಂದಕ್ಕೆ ನಡೆದು ಕೆಳಗೆ ನೋಡಿ" ಅಂದರು. ನೆಲದಲ್ಲೊಂದು ಗಾಜು. ಗಾಜಿನಡಿಯಲ್ಲಿ ಬಿಳಿ ಕೋಣೆ, ಸುತ್ತಲೂ ಖಾಲಿ ಕಪಾಟುಗಳು. ಅಷ್ಟೂ ಪುಸ್ತಕ ಹಿಡಿಯುವಷ್ಟು ಜಾಗ, ಒಂದೂ ಪುಸ್ತಕವಿಲ್ಲ. ಇಸ್ರೇಲಿನ ಶಿಲ್ಪಿ ಮಿಖಾ ಉಲ್ಮನ್ 1995ರಲ್ಲಿ ಮಾಡಿದ್ದು. ಚೌಕದ ಅಂಚಿನಿಂದ ನೋಡಿದರೆ ಅಲ್ಲಿ ಏನೂ ಕಾಣುವುದಿಲ್ಲ, ಮೇಲೆ ಬಂದು ನಿಲ್ಲಲೇಬೇಕು.

ರಸ್ತೆಯಾಚೆ ಹುಂಬೋಲ್ಟ್ ವಿಶ್ವವಿದ್ಯಾಲಯ. ಈ ಸಲ ಗೈಡಿಗೆ ಕತೆ ಹೇಳುವ ಸರದಿ ನನ್ನದಾಯಿತು. ರಾಮಮನೋಹರ ಲೋಹಿಯಾ ಇಲ್ಲೇ ಓದಿದ್ದು. ಬ್ರಿಟಿಷರು ಹೇರಿದ ಉಪ್ಪಿನ ಕರದ ಮೇಲೆ ಪ್ರಬಂಧ ಬರೆದು ಡಾಕ್ಟರೇಟ್ ಪಡೆದು, ಹಿಟ್ಲರ್ ಗದ್ದುಗೆ ಹಿಡಿದ ಆ 1933ರಲ್ಲೇ ಊರಿಗೆ ಮರಳಿದರು. ಅದೇ ಮನುಷ್ಯ 1951ರಲ್ಲಿ ಸಾಗರದ ಕಾಗೋಡಿಗೆ ಬಂದು ಗೇಣಿದಾರರ ಸತ್ಯಾಗ್ರಹದಲ್ಲಿ ಸೆರೆಯಾದರು. ಅನಂತಮೂರ್ತಿ, ಲಂಕೇಶ್, ತೇಜಸ್ವಿಯವರ ತಲೆಮಾರಿನ ತಲೆ ಕೆಡಿಸಿದರು. ಕಾಗೋಡು ಎಷ್ಟು ದೊಡ್ಡ ಊರು ಎಂದು ಗೈಡ್ ಕೇಳಿದರು. ಈ ಚೌಕದಲ್ಲಿ ನಿಂತಿರುವ ಪ್ರವಾಸಿಗರನ್ನು ಕರೆದೊಯ್ದರೆ ತುಂಬಿಹೋದೀತು ಅಂದೆ. ಕೈಪುಸ್ತಕ ತೆಗೆದು ಬರೆದುಕೊಂಡರು. ಮುಂದಿನ ಗುಂಪಿಗೆ ಹೇಳಿದರೋ ಇಲ್ಲವೋ.

ಚೆಕ್‌ಪಾಯಿಂಟ್ ಚಾರ್ಲಿಯಲ್ಲಿ ನಾವು ಹೆಚ್ಚು ಹೊತ್ತು ನಿಲ್ಲಲಿಲ್ಲ. ರಸ್ತೆ ಮಧ್ಯದ ಕಾವಲು ಗೂಡು ನಕಲು, ಸುತ್ತ ಫೋಟೋದವರ ಜಾತ್ರೆ. ಅಲ್ಲಿಂದ ಅಡ್ಡಬರುವ ತ್ಸಿಮ್ಮರ್‌ಸ್ಟ್ರಾಸೆಯೇ ನಿಜವಾದ ಜಾಗ. ಗೋಡೆ ನಿಂತಿದ್ದ ಗೆರೆಯನ್ನು ನಗರದವರು ಡಾಂಬರಿನ ನಡುವೆ ಎರಡು ಸಾಲು ಕಲ್ಲು ಹೂತು ಗುರುತಿಸಿದ್ದಾರೆ. ಕಾರಿನಲ್ಲಿ ಕೂತವರಿಗೆ ಆ ಕಲ್ಲು ಇದೆಯೆಂದೇ ತಿಳಿಯದು. ಸೈಕಲ್ಲಿನಲ್ಲಿ ದಾಟುವಾಗ ಸೀಟಿನ ಸ್ಪ್ರಿಂಗು ಒಮ್ಮೆ ಕುಕ್ಕುತ್ತದೆ. ಒಂದು ಕಡೆ ಹೊರಳಿದರೆ ಪೂರ್ವ, ಇನ್ನೊಂದು ಕಡೆ ಹೊರಳಿದರೆ ಪಶ್ಚಿಮ. ಹಾವಿನ ನಡಿಗೆಯಲ್ಲಿ ಆಚೆಗೊಮ್ಮೆ ಈಚೆಗೊಮ್ಮೆ ದಾಟುತ್ತ ಆಟವಾಡಿಕೊಂಡು ಬರುತ್ತಿದ್ದವರು ಒಂದು ಕಂಬದ ಹತ್ತಿರ ಇಳಿದೆವು. ಪೀಟರ್ ಫೆಶ್ಟರ್ ಎಂಬ ಹದಿನೆಂಟರ ಹುಡುಗ, ಗಾರೆ ಕೆಲಸದವನು, 1962ರ ಆಗಸ್ಟ್ 17ರಂದು ಗೋಡೆ ಹತ್ತಲು ಹೋಗಿ ಗುಂಡು ತಿಂದು ಬಿದ್ದ ಜಾಗ. ಎರಡೂ ಕಡೆಯವರು ನೋಡುತ್ತಿದ್ದಂತೆ ಸುಮಾರು ಒಂದು ಗಂಟೆ ರಕ್ತ ಸುರಿಸಿ ಸತ್ತ. ಗೈಡ್ ಇಲ್ಲಿ ಬೆನ್ನು ತಿರುಗಿಸುವ ಆಟ ಆಡಲಿಲ್ಲ.

ಮುಂದೆ ಒಂದು ಕಾರ್ ಪಾರ್ಕಿಂಗ್. ಸಾಧಾರಣ ಫ್ಲ್ಯಾಟುಗಳ ಪಕ್ಕದ ಜಾಗ, ನಾಲ್ಕಾರು ಕಾರು. ಹಿಟ್ಲರ್ ಕೊನೆಯ ದಿನಗಳನ್ನು ಕಳೆದು ಸತ್ತ ಬಂಕರ್ ಇದರಡಿ ಇತ್ತು. ಬಹಳ ಕಾಲ ಇಲ್ಲೊಂದು ಬೋರ್ಡೂ ಇರಲಿಲ್ಲ, 2006ರ ಫುಟ್‌ಬಾಲ್ ವಿಶ್ವಕಪ್ ಹೊತ್ತಿಗೆ ಒಂದು ಮಾಹಿತಿ ಫಲಕ ಬಂತು. ಸ್ಮಾರಕವಿಲ್ಲ, ಕಲ್ಲಿಲ್ಲ, ಯಾರೂ ಹೂವಿಡುವ ಜಾಗವಾಗಬಾರದೆಂಬ ಎಚ್ಚರ. ಪಕ್ಕದ ರಸ್ತೆಗೆ ಗೆರ್ಟ್ರೂಡ್ ಕೋಲ್ಮಾರ್ ಹೆಸರು. 1943ರಲ್ಲಿ ಆಶ್‌ವಿಟ್ಸ್‌ಗೆ ಸಾಗಿಸಲ್ಪಟ್ಟು ಕೊಲೆಯಾದ ಯಹೂದಿ ಕವಯಿತ್ರಿ ಆಕೆ. ಈ ಏರ್ಪಾಡು ನನಗೆ ಬಹಳ ಹಿಡಿಸಿತು. ಅವನಿಗೆ ಪಾರ್ಕಿಂಗು, ಅವಳಿಗೆ ರಸ್ತೆ. ಸ್ವಲ್ಪ ಮುಂದೆಯೇ ಪೀಟರ್ ಐಸೆನ್‌ಮನ್ ಕಟ್ಟಿದ 2,711 ಕಾಂಕ್ರೀಟ್ ದಿಮ್ಮಿಗಳ ಯಹೂದಿ ಸ್ಮಾರಕ. ಅದರೊಳಗೆ ಸೈಕಲ್ಲಿಗೆ ಜಾಗವಿಲ್ಲ, ಇರಬಾರದು ಕೂಡ.

ಸೈಕಲ್ಲು ಸೋಲುವ ಇನ್ನೊಂದು ಕಡೆಯೂ ಇದೆ. ಮನೆಗಳ ಹೊಸ್ತಿಲ ಮುಂದೆ, ಫುಟ್‌ಪಾತಿನ ಕಲ್ಲುಗಳ ನಡುವೆ ಗುಂಟರ್ ಡೆಮ್ನಿಗ್ ಎಂಬ ಕಲಾವಿದ ನೆಟ್ಟ, ಅಂಗೈಯಗಲದ ಹಿತ್ತಾಳೆ ಮುಖದ ಕಲ್ಲುಗಳು. ಆ ಮನೆಯಲ್ಲಿದ್ದವರ ಹೆಸರು, ಹುಟ್ಟಿದ ವರ್ಷ, ಎಂದು ಹಿಡಿದೊಯ್ದರು, ಎಲ್ಲಿ ಕೊಂದರು, ಅಷ್ಟೇ. ಸೈಕಲ್ಲಿನ ಎತ್ತರದಿಂದ, ಸೈಕಲ್ಲಿನ ವೇಗದಲ್ಲಿ ಅವು ಕಾಣುವುದೇ ಇಲ್ಲ. ಆಕೆ ನಮ್ಮನ್ನು ಇಳಿಸಿ, ಸ್ಟ್ಯಾಂಡ್ ಹಾಕಿಸಿ, ಬಾಗಿ ಓದಿಸಿದರು.

ಇಷ್ಟೆಲ್ಲ ಸುತ್ತಿದರೂ ಕಾಲಿಗೆ ಆಯಾಸವಿರಲಿಲ್ಲ. ಬರ್ಲಿನ್ ಅಷ್ಟು ಸಮತಟ್ಟು. ಹಿಮಯುಗದ ಕೊನೆಗೆ ಕರಗಿದ ನೀರು ಕೊರೆದ ಅಗಲವಾದ ಕಣಿವೆಯ ಮರಳಿನ ಮೇಲೆ ಕೂತ ಊರು. ನಾಲ್ಕು ಗುದ್ದಲಿ ಅಗೆದರೆ ನೀರು. ಕಟ್ಟಡ ಕಟ್ಟುವ ಕಡೆಯೆಲ್ಲ ಆ ನೀರನ್ನು ಎತ್ತಿ ಹೊರಹಾಕುವ ಗುಲಾಬಿ, ನೀಲಿ ಬಣ್ಣದ ಪೈಪುಗಳು ರಸ್ತೆಯ ತಲೆಯ ಮೇಲೆ ಅಂಕುಡೊಂಕಾಗಿ ಹಾದುಹೋಗುತ್ತವೆ. ಯಾವುದೋ ಆಧುನಿಕ ಶಿಲ್ಪವೆಂದು ಅದರ ಫೋಟೋ ಹಿಡಿಯುವವರೂ ಇದ್ದಾರೆ. ಇಂಥ ಊರಿನಲ್ಲಿ ಫ್ರೀಡ್ರಿಶ್ಸ್‌ಹೈನ್ ಪಾರ್ಕಿನೊಳಗೆ ಹೊಕ್ಕಾಗ ಇದ್ದಕ್ಕಿದ್ದಂತೆ ತೊಡೆ ಬಿಗಿಯಿತು. ಏರು! ಪೆಡಲಿನ ಮೇಲೆ ಎದ್ದು ನಿಂತು ತುಳಿಯಬೇಕಾಯಿತು. ಮೇಲೆ ತಲುಪಿ ಏದುಸಿರು ಬಿಡುತ್ತಿದ್ದ ನಮ್ಮನ್ನು ನೋಡಿ ಗೈಡ್ ನಕ್ಕರು: "ಬರ್ಲಿನ್ನಿನಲ್ಲಿ ಏರು ಸಿಕ್ಕರೆ ಕೆಳಗೆ ಏನಿದೆ ಅಂತ ಕೇಳಬೇಕು."

ಕೆಳಗಿದ್ದದ್ದು ವಿಮಾನಗಳನ್ನು ಹೊಡೆದುರುಳಿಸಲು ನಾಜಿಗಳು ಕಟ್ಟಿದ ಕಾಂಕ್ರೀಟ್ ಗೋಪುರ. ಯುದ್ಧ ಮುಗಿದ ಮೇಲೆ ಅದನ್ನು ಸಿಡಿಸಿದರು. ಊರ ತುಂಬ ಬಿದ್ದಿದ್ದ ಮನೆಗಳ ಇಟ್ಟಿಗೆ, ಗಾರೆ, ಒಡೆದ ಸಿಂಕು, ಒಲೆ ಎಲ್ಲವನ್ನೂ ತಂದು ಅದರ ಮೇಲೆ ಸುರಿದು, ಮಣ್ಣು ಹೊದಿಸಿ ಮರ ನೆಟ್ಟರು. ಪಶ್ಚಿಮದ ಕಾಡಿನಲ್ಲಿ ಇದಕ್ಕಿಂತ ದೊಡ್ಡದೊಂದಿದೆ, ಟಾಯ್ಫೆಲ್ಸ್‌ಬರ್ಗ್. ಸಮುದ್ರಮಟ್ಟದಿಂದ ಸುಮಾರು 120 ಮೀಟರ್. ಅದರ ಹೊಟ್ಟೆಯಲ್ಲಿ ನಾಜಿಗಳ ಕಾಲದ ಸೇನಾ ತಾಂತ್ರಿಕ ಕಾಲೇಜಿನ ಅರೆಕಟ್ಟಡ. ನೆತ್ತಿಯ ಮೇಲೆ ಶೀತಲ ಸಮರದಲ್ಲಿ ಅಮೆರಿಕನ್ನರು ಪೂರ್ವದ ಮಾತು ಕದ್ದಾಲಿಸಲು ಕಟ್ಟಿದ ಬಿಳಿ ಗುಮ್ಮಟಗಳು. ನಡುವಿನ ಇಳಿಜಾರಿನಲ್ಲಿ ಒಂದು ಕಾಲಕ್ಕೆ ಪಶ್ಚಿಮ ಬರ್ಲಿನ್ನಿನವರು ಸ್ಕೀಯಿಂಗ್ ಮಾಡುತ್ತಿದ್ದರು. ಎಲ್ಲ ಏರೂ ಹೀಗಲ್ಲ, ಕ್ರಾಯ್ಟ್ಸ್‌ಬರ್ಗಿನ ಗುಡ್ಡ ಪ್ರಕೃತಿಯೇ ಕೊಟ್ಟದ್ದು ಎಂದು ಆಕೆ ತಿದ್ದಿ ಹೇಳಿದರು. ಆದರೂ ಅಂದಿನಿಂದ ನನ್ನ ಕಾಲುಗಳಿಗೆ ಒಂದು ಗುಮಾನಿ ಅಂಟಿಕೊಂಡಿದೆ. ಆ ಊರಿನಲ್ಲಿ ಪೆಡಲು ತುಸು ಭಾರವಾದರೂ ಯಾರ ಅಡುಗೆಮನೆಯ ಮೇಲೆ ಹೋಗುತ್ತಿದ್ದೇನೋ ಅನ್ನಿಸುತ್ತದೆ. ಈ ತಿಳಿವಳಿಕೆ ಬಸ್ಸಿನ ಮೇಲಂತಸ್ತಿನಲ್ಲಿ ಕೂತವರಿಗೆ ಎಲ್ಲಿಂದ ಬರಬೇಕು? ಹತ್ತುವುದು ಬಸ್ಸಿನ ಎಂಜಿನ್ನು.

ಕೊನೆಗೆ ಟೆಂಪಲ್‌ಹೋಫ್. ಇದಕ್ಕಾಗಿಯೇ ನಾನು ಈ ಟೂರು ಆರಿಸಿಕೊಂಡದ್ದು. 2008ರವರೆಗೆ ವಿಮಾನ ನಿಲ್ದಾಣವಾಗಿದ್ದ ಜಾಗ 2010ರಿಂದ ಸಾರ್ವಜನಿಕ ಮೈದಾನ. ರನ್‌ವೇ ಹಾಗೇ ಇದೆ, ಅದರ ಮೇಲೆ ಸೈಕಲ್ ಹೊಡೆಯಬಹುದು. ಸೈಕಲ್ ಸವಾರನ ಬದುಕೆಂದರೆ ರಸ್ತೆಯ ಅಂಚಿನಲ್ಲಿ, ಚರಂಡಿಯ ಪಕ್ಕ, ಹಾರ್ನುಗಳಿಗೆ ಹೆದರುತ್ತ ಸಾಗುವುದು. ಅಂಥವನಿಗೆ ಒಮ್ಮೆಗೇ ವಿಮಾನಕ್ಕೆಂದು ಹಾಸಿದ ದಾರಿಯ ಅಷ್ಟೂ ಅಗಲ ಬಿಟ್ಟುಕೊಟ್ಟರೆ ಹೇಗಾಗಬೇಡ? ಹುಡುಗರು ಗಾಳಿಪಟ ಕಟ್ಟಿಕೊಂಡ ಹಲಗೆಯ ಮೇಲೆ ನಿಂತು ತೇಲಿ ಹೋಗುತ್ತಿದ್ದರು. ಹುಲ್ಲಿನಲ್ಲಿ ಬಾನಾಡಿಗಳು ಗೂಡು ಕಟ್ಟುವ ಕಡೆ ಹಗ್ಗ ಕಟ್ಟಿ ಬೇಲಿ ಹಾಕಿದ್ದರು. 1948ರ ಜೂನ್‌ನಲ್ಲಿ ಸೋವಿಯತ್ತರು ಪಶ್ಚಿಮ ಬರ್ಲಿನ್ನಿಗೆ ದಾರಿಗಳನ್ನೆಲ್ಲ ಮುಚ್ಚಿದಾಗ ಹಿಟ್ಟು, ಹಾಲಿನಪುಡಿ, ಅದಕ್ಕಿಂತ ಹೆಚ್ಚಾಗಿ ಕಲ್ಲಿದ್ದಲು ಹೊತ್ತ ವಿಮಾನಗಳು ಹಗಲಿರುಳು ಬಂದಿಳಿದದ್ದು ಇಲ್ಲೇ. ಗೇಲ್ ಹಾಲ್ವರ್ಸನ್ ಎಂಬ ಪೈಲಟ್ ಕರವಸ್ತ್ರದ ಪ್ಯಾರಾಚೂಟು ಕಟ್ಟಿ ಮಕ್ಕಳಿಗೆ ಚಾಕೊಲೇಟ್ ಉದುರಿಸುತ್ತಿದ್ದನಂತೆ.

ಈ ಮೈದಾನದ ಅಂಚಿನಲ್ಲಿ ಮನೆಗಳನ್ನು ಕಟ್ಟಲು ನಗರಾಡಳಿತ ಹೊರಟಾಗ 2014ರಲ್ಲಿ ಜನಮತಗಣನೆ ನಡೆಯಿತು. ಕಟ್ಟಬೇಡಿ ಎಂದವರೇ ಗೆದ್ದರು. "ನೀವು ಯಾವ ಕಡೆ?" ಎಂದು ನಮ್ಮ ಗುಂಪಿನ ಮೆಲ್ಬರ್ನಿನ ನಿವೃತ್ತ ಮೇಷ್ಟ್ರು ಗೈಡನ್ನು ಕೇಳಿದರು. "ಮೈದಾನದ ಕಡೆ ಓಟು ಹಾಕಿದೆ. ಈಗ ಬಾಡಿಗೆ ಮನೆ ಹುಡುಕಿ ಸೋತ ಮಗಳು ಸಿಕ್ಕಾಗಲೆಲ್ಲ ಬೈಯುತ್ತಾಳೆ," ಅಂದರು. ನನ್ನದೂ ಮೈದಾನದ ಓಟೇ ಎಂದೆ. "ಇಲ್ಲಿ ಬಾಡಿಗೆ ಕಟ್ಟದವರೆಲ್ಲ ಹಾಗೇ ಹೇಳುತ್ತಾರೆ," ಎಂದು ಬೆಲ್ ಬಾರಿಸಿ ಹೊರಟೇಬಿಟ್ಟರು. ಇನ್ನು ಸಾಲು ಬೇಕಿಲ್ಲ, ಅವರವರ ವೇಗದಲ್ಲಿ ಬನ್ನಿ, ಆ ತುದಿಯಲ್ಲಿ ಸಿಗೋಣ ಎಂದು ಹೋಗುತ್ತಲೇ ಕೂಗಿದರು. ಎದುರುಗಾಳಿಗೆ ತಲೆ ತಗ್ಗಿಸಿ ನಾನು ಅರ್ಧ ದಾರಿ ಮುಟ್ಟುವಷ್ಟರಲ್ಲಿ ಮೇಷ್ಟ್ರು ಆ ತುದಿಯಲ್ಲಿ ಸೈಕಲ್ಲಿಗೆ ಸ್ಟ್ಯಾಂಡ್ ಹಾಕಿ ನೀರು ಕುಡಿಯುತ್ತಿದ್ದರು.