ಒಂದೇ ಪಾತ್ರೆಯ ಊಟ

ಭಾನುವಾರದ ಮಧ್ಯಾಹ್ನ ನಿಮ್ಮ ಮನೆಯ ಒಲೆಯ ಮೇಲೆ ಎಷ್ಟು ಪಾತ್ರೆಗಳಿರುತ್ತವೆ? ದೊಡ್ಡದರಲ್ಲಿ ಮನೆಮಂದಿಗೆಲ್ಲ ಕೋಳಿಸಾರು. ಬದಿಯ ಪುಟ್ಟದರಲ್ಲಿ ರಕ್ತದೊತ್ತಡವೋ ಸಕ್ಕರೆ ಕಾಯಿಲೆಯೋ ಇರುವ ಹಿರಿಯರೊಬ್ಬರಿಗಾಗಿ ಬೇಯಿಸಿಟ್ಟ ಸಪ್ಪೆ ತರಕಾರಿ. ಇಂಥ ಎರಡನೆಯ ಪಾತ್ರೆ ಇಂದು ಅನೇಕ ಮನೆಗಳಲ್ಲಿದೆ. ಅದನ್ನು ಒಲೆಗೇರಿಸುವವರ ಕಾಳಜಿ ದೊಡ್ಡದೇ. ಆದರೆ ಅದರಿಂದ ಉಣ್ಣುವವರ ಮನಸ್ಸಿಗೆ ಆ ಪಾತ್ರೆ ಏನು ಹೇಳುತ್ತದೆ ಎಂಬುದನ್ನೂ ನಾವು ಯೋಚಿಸಬೇಕಲ್ಲವೇ?

ಮಲೆನಾಡಿನ ನಮ್ಮ ಮನೆಯಲ್ಲಿ ಭಾನುವಾರವೆಂದರೆ ಕಡುಬು, ಕೋಳಿಸಾರು. ಮಾವನವರಿಗೆ ಹೃದಯದ ತೊಂದರೆ ಕಾಣಿಸಿಕೊಂಡ ಮೇಲೆ ವೈದ್ಯರು ಉಪ್ಪು, ಎಣ್ಣೆ, ಅನ್ನ ಮೂರನ್ನೂ ತಗ್ಗಿಸಲು ಹೇಳಿದರು. ಅತ್ತೆಯವರು ಆ ಮಾತನ್ನು ಅಕ್ಷರಶಃ ಪಾಲಿಸಿದರು. ಮಾವನವರು ಗೊಣಗಲಿಲ್ಲ, ಆದರೆ ಮೆಲ್ಲನೆ ತಮ್ಮ ತಟ್ಟೆಯನ್ನು ಜಗುಲಿಗೆ ಒಯ್ಯತೊಡಗಿದರು. ನಾವು ಊಟಕ್ಕೆ ಕರೆದರೆ, "ನೀವು ಉಣ್ಣಿ ಮಕ್ಕಳೇ, ನನ್ನದಾಯಿತು" ಎನ್ನುತ್ತಿದ್ದರು. ದಿನಗಳೆದಂತೆ ತಟ್ಟೆಯಲ್ಲಿ ಅರ್ಧ ಊಟ ಹಾಗೆಯೇ ಉಳಿಯತೊಡಗಿತು. ಮೈಮೇಲಿನ ಅಂಗಿ ಸಡಿಲವಾಯಿತು. ಕಾಯಿಲೆ ಔಷಧಿಗೆ ಹತೋಟಿಗೆ ಬಂದಿತ್ತು. ಅವರನ್ನು ಸೊರಗಿಸುತ್ತಿದ್ದುದು ಒಂಟಿ ಊಟ.

ದಾರಿ ತೋರಿದವಳು ನನ್ನ ವಾರಗಿತ್ತಿ. ಆಕೆಯ ತವರು ಕೊಟ್ಟಾಯಂ ಕಡೆ. ಅಲ್ಲಿನ ಸಿರಿಯನ್ ಕ್ರೈಸ್ತರ ಮನೆಗಳಲ್ಲಿ ಕ್ರಿಸ್ಮಸ್ ಮತ್ತು ಪಾಸ್ಖ ಹಬ್ಬಗಳಂದು ಅಪ್ಪದ ಜೊತೆಗೆ 'ಇಷ್ಟು' ಬಡಿಸುವುದು ವಾಡಿಕೆ. ಇಂಗ್ಲಿಷಿನ 'ಸ್ಟ್ಯೂ' ಎಂಬ ಪದವೇ ಮಲಯಾಳದ ನಾಲಿಗೆಯಲ್ಲಿ ಹೀಗಾಗಿದೆ. ಕನ್ನಡದ ಕಿವಿಗಂತೂ ಅದು ಅಳತೆಯ ಮಾತಿನಂತೆ ಕೇಳುತ್ತದೆ. ಮಿತವನ್ನು ಕಲಿಸಬೇಕಾದ ಅಡುಗೆಗೆ ಇದಕ್ಕಿಂತ ತಕ್ಕ ಹೆಸರು ಉಂಟೇ? ಆ ವರ್ಷದ ಪಾಸ್ಖ ಹಬ್ಬದಂದು ಮನೆಯವರೆಲ್ಲರಿಗೂ ಇದೊಂದೇ ಅಡುಗೆ ಎಂದು ನಾವಿಬ್ಬರೂ ನಿಶ್ಚಯಿಸಿದೆವು.

ಮಾಡುವ ಕ್ರಮ ಸರಳ. ಆರು ಜನರಿಗೆ ಮುಕ್ಕಾಲು ಕಿಲೊ ಕೋಳಿಮಾಂಸ ಸಾಕು. ಚರ್ಮ ತೆಗೆದರೆ ಕೊಬ್ಬಿನ ಬಹುಪಾಲು ಹೋಗುತ್ತದೆ. ಮೂಳೆಯಿರಲಿ, ರುಚಿ ಅದರಲ್ಲಿದೆ. ಎರಡು ಚಮಚ ಎಣ್ಣೆಯಲ್ಲಿ ಚಕ್ಕೆ, ಲವಂಗ, ಜಜ್ಜಿದ ಕಾಳುಮೆಣಸು, ಶುಂಠಿ, ಸೀಳಿದ ಹಸಿಮೆಣಸಿನಕಾಯಿ, ಕರಿಬೇವು ಮತ್ತು ಎರಡು ಈರುಳ್ಳಿ ಹಾಕಿ, ಕೆಂಪಾಗದಂತೆ ಬಾಡಿಸಿ. ಕೋಳಿಯನ್ನು ಸೇರಿಸಿ, ತೆಂಗಿನಕಾಯಿಯ ತೆಳುಹಾಲು ಹೊಯ್ದು, ಸಣ್ಣ ಉರಿಯಲ್ಲಿ ಇಪ್ಪತ್ತು ನಿಮಿಷ ಬೇಯಿಸಿ. ಬಳಿಕ ವಸಂತದ ತರಕಾರಿಗಳ ಸರದಿ: ಎಳೆಯ ನುಗ್ಗೆಕಾಯಿ, ಕ್ಯಾರೆಟ್, ಹುರುಳಿಕಾಯಿ, ಸೀಮೆಬದನೆ, ಒಂದೇ ಒಂದು ಆಲೂಗಡ್ಡೆ. ಹಸಿ ಬಟಾಣಿಯನ್ನು ಕೊನೆಯ ಐದು ನಿಮಿಷಕ್ಕೆ ಹಾಕಿದರೆ ಅದರ ಹಸಿರು ಮಾಸುವುದಿಲ್ಲ. ವಾರಗಿತ್ತಿಯ ತವರಿನಲ್ಲಿ ಗಟ್ಟಿ ತೆಂಗಿನ ಹಾಲು ಧಾರಾಳ. ಅದರ ಕೊಬ್ಬು ಹೃದಯಕ್ಕೆ ಹಿತವಲ್ಲವಾದ್ದರಿಂದ ನಾವು ಅರ್ಧ ಬಟ್ಟಲಿಗೆ ಇಳಿಸಿ, ಬೆಂದ ಆಲೂಗಡ್ಡೆಯನ್ನೇ ಹಿಸುಕಿ ಗಟ್ಟಿ ಮಾಡಿದೆವು. ಉರಿ ತಗ್ಗಿಸಿಯೇ ಆ ಹಾಲನ್ನು ಸೇರಿಸಬೇಕು, ಕುದಿದರೆ ಒಡೆಯುತ್ತದೆ.

ಇನ್ನು ಉಪ್ಪು. ವಯಸ್ಕರಿಗೆ ಇಡೀ ದಿನಕ್ಕೆ 5 ಗ್ರಾಮಿಗಿಂತ ಕಡಿಮೆ ಉಪ್ಪು ಸಾಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಅದು ಸುಮಾರು ಒಂದು ಟೀ ಚಮಚ. ನಾವು ಇಡೀ ಪಾತ್ರೆಗೆ ಹಾಕಿದ್ದು ಅಷ್ಟನ್ನೇ. ಕೊರತೆಯನ್ನು ಕಾಳುಮೆಣಸೂ, ಇಳಿಸಿದ ಮೇಲೆ ಹಿಂಡಿದ ನಿಂಬೆರಸವೂ ತುಂಬಿಕೊಟ್ಟವು. ಮೂತ್ರಪಿಂಡದ ತೊಂದರೆಯುಳ್ಳವರು ಮಾತ್ರ ಮಾಂಸ, ತರಕಾರಿ, ತೆಂಗಿನ ಹಾಲಿನ ಪ್ರಮಾಣವನ್ನು ತಮ್ಮ ವೈದ್ಯರಲ್ಲಿ ಕೇಳಿಕೊಳ್ಳುವುದು ಒಳಿತು.

ಮೊದಲ ತುತ್ತಿಗೆ ಮಾವನವರು, "ಖಾರವೇ ಇಲ್ಲವಲ್ಲಮ್ಮ!" ಎಂದರು. ಆದರೆ ಹೇಳಿದ್ದು ಜಗುಲಿಯಿಂದಲ್ಲ, ನಮ್ಮ ಪಂಕ್ತಿಯಲ್ಲಿ ಕುಳಿತು. ಬೇಕಾದವರಿಗೆ ಕಡುಬು, ಅವರಿಗೆ ರಾಗಿ ರೊಟ್ಟಿ. ಸೌಟು ಮಾತ್ರ ಎಲ್ಲರಿಗೂ ಒಂದೇ. ಅಜ್ಜನ ತಟ್ಟೆಯಲ್ಲಿದ್ದದ್ದೇ ತನ್ನ ತಟ್ಟೆಯಲ್ಲೂ ಇರುವುದನ್ನು ಕಂಡು, ತರಕಾರಿ ಎಂದರೆ ಮುಖ ತಿರುಗಿಸುವ ಮೊಮ್ಮಗಳೂ ಎರಡು ಹೋಳು ಹೆಚ್ಚಿಗೆ ಕೇಳಿದಳು. ಮುಂದಿನ ಭಾನುವಾರಗಳಲ್ಲಿ ಬಟಾಣಿ ಸುಲಿಯುವ ಕೆಲಸವನ್ನು ಮಾವನವರೇ ವಹಿಸಿಕೊಂಡರು. ಅಡುಗೆಮನೆಯಲ್ಲಿ ಅವರಿಗೊಂದು ಸ್ಥಾನ ದೊರೆಯಿತು.

ಇದೆಂಥ ಕಲಬೆರಕೆಯ ಅಡುಗೆ ಎಂದು ಕೆಲವರು ನಗಬಹುದು. ಆದರೆ ಪಾತ್ರೆಯೊಳಗೆ ಇಣುಕಿ ನೋಡಿ. ಕಾಳುಮೆಣಸು ನಮ್ಮ ಪಶ್ಚಿಮ ಘಟ್ಟದ್ದು. ಹಸಿಮೆಣಸಿನಕಾಯಿಯೂ ಆಲೂಗಡ್ಡೆಯೂ ಅಮೆರಿಕ ಖಂಡದಿಂದ ಬಂದವು. ಮೆಣಸಿನಕಾಯಿಯನ್ನು 16ನೆಯ ಶತಮಾನದಲ್ಲಿ ಪೋರ್ಚುಗೀಸರು ತಂದರು. ಸೀಮೆಬದನೆಯ ಕಥೆ ಇನ್ನೂ ಸೊಗಸು. ಮೆಕ್ಸಿಕೊ ಕಡೆಯ ಈ ಕಾಯಿಯನ್ನು ಪರದೇಶದ್ದೆಂದು ನಾವು 'ಸೀಮೆ' ಸೇರಿಸಿ ಕರೆದೆವು. ನೆರೆಯ ತಮಿಳರೂ ತೆಲುಗರೂ ಅದನ್ನೇ 'ಬೆಂಗಳೂರು ಬದನೆ' ಎನ್ನುತ್ತಾರೆ! ನಾವು ಹೊರಗಿನದೆಂದು ಬಗೆದದ್ದು ಅವರ ಕಣ್ಣಿಗೆ ಅಪ್ಪಟ ನಮ್ಮೂರಿನದು. ಒಂದೇ ಪಾತ್ರೆಯಲ್ಲಿ ಬಹುಕಾಲ ಬೆಂದದ್ದು ಹೀಗೆಯೇ ಮನೆಯದಾಗುತ್ತದೆ.

ಪ್ರಿಯರೇ, ಪಥ್ಯವು ಒಬ್ಬರ ಪಾಲಿಗೆ ಮಾತ್ರ ಬಂದಾಗ ಅದು ಶಿಕ್ಷೆಯಂತೆ ಭಾಸವಾಗುತ್ತದೆ; ಎಲ್ಲರೂ ಹಂಚಿಕೊಂಡಾಗ ಮನೆಯ ರೂಢಿಯಾಗುತ್ತದೆ. ತುಸು ಉಪ್ಪು, ತುಸು ಎಣ್ಣೆ ಬಿಟ್ಟುಕೊಟ್ಟರೆ ಆರೋಗ್ಯವಂತರಿಗೆ ನಷ್ಟವೇನೂ ಇಲ್ಲ, ಲಾಭವೇ ಉಂಟು. ಮುಂದಿನ ಭಾನುವಾರ ಆ ಪುಟ್ಟ ಪಾತ್ರೆಯನ್ನು ಕಪಾಟಿನಲ್ಲೇ ಬಿಟ್ಟು, ದೊಡ್ಡದರಲ್ಲೇ ಹಿರಿಯರ ಪಾಲನ್ನೂ ಬೇಯಿಸಿ ನೋಡಿ. ಊಟಕ್ಕೆ ಕುಳಿತಾಗ, ಮೊದಲ ಸೌಟನ್ನು ಅವರಿಗೇ ಬಡಿಸಿ.