ಕಾಲಡಿಯ ಕಣಕ

ದೇಶಾಂತರಕ್ಕೆ ಹೋಗಿ ಬಂದವನನ್ನು ಊರವರು ಕೇಳುವ ಮೊದಲನೆಯ ಪ್ರಶ್ನೆ ‘ಏನೇನು ನೋಡಿದಿರಿ?’ ಎಂಬುದು, ಎರಡನೆಯದು ‘ಊಟಕ್ಕೆ ಏನು ಮಾಡಿದಿರಿ?’ ಎಂಬುದು. ಮೊದಲನೆಯದಕ್ಕೆ ಉತ್ತರವನ್ನು ಯಾವ ಪ್ರವಾಸಗ್ರಂಥದಿಂದಲಾದರೂ ಕಡ ತಂದು ಹೇಳಬಹುದು. ಎರಡನೆಯದಕ್ಕೆ ಸ್ವಾನುಭವವೇ ಬೇಕು. ಜಪಾನಿನಿಂದ ಮರಳಿ ಬಂದ ನನ್ನನ್ನು ಮಿತ್ರರು ಈ ಎರಡನೆಯ ಪ್ರಶ್ನೆಯನ್ನು ಕೇಳಿದಾಗ, ‘ಒಂದು ದಿನ ಕಾಲಿನಿಂದ ತುಳಿದ ಶಾವಿಗೆಯನ್ನು ಉಂಡೆನು’ ಎಂದೆನು. ಅವರು ನಕ್ಕರು, ನಾನೂ ನಕ್ಕೆನು. ಆದರೆ ಆ ಮಾತಿನಲ್ಲಿ ನಗೆಗೆ ಸೇರದ ಭಾಗವೊಂದುಂಟು. ಅದನ್ನು ವಾಚಕರಲ್ಲಿ ಅರಿಕೆಮಾಡಿಕೊಳ್ಳುವುದಕ್ಕಾಗಿಯೇ ಈ ಬರೆಹ.

ನನ್ನ ಮಗಳು ಓಸಾಕಾ ನಗರದಲ್ಲಿ ಉದ್ಯೋಗದಲ್ಲಿದ್ದಾಳೆ. ಚೈತ್ರಮಾಸದಲ್ಲಿ ನಾನು ಅವಳಲ್ಲಿಗೆ ಹೋಗಿದ್ದಾಗ, ನನಗೆ ದೇವಾಲಯವನ್ನು ತೋರಿಸುವೆನೆಂದು ಹೇಳಿ ಶಿಕೊಕು ದ್ವೀಪಕ್ಕೆ ಕರೆದುಕೊಂಡು ಹೋದಳು. ಓಕಾಯಾಮದಲ್ಲಿ ಗಾಡಿಯನ್ನು ಬದಲಿಸಿ, 1988ರಲ್ಲಿ ತೆರೆದ ದೊಡ್ಡ ಸೇತುವೆಯ ಮೇಲಿಂದ ಸಮುದ್ರವನ್ನು ದಾಟಿ, ಕಾಗಾವಾ ಪ್ರಾಂತದ ಕೊತೊಹಿರಾ ಎಂಬ ಊರನ್ನು ಸೇರಿದೆವು. ಅಲ್ಲಿಯ ಬೆಟ್ಟದ ಹೆಸರಿನ ಅರ್ಥ ‘ಆನೆಯ ತಲೆ’. ಬೆಟ್ಟದ ದೇವರನ್ನು ಜನರು ‘ಕೊಂಪಿರಾ’ ಎನ್ನುತ್ತಾರೆ. ಸಮುದ್ರಯಾನ ಮಾಡುವವರ ರಕ್ಷಕನೆಂದು ನಂಬುತ್ತಾರೆ. ಆ ಹೆಸರು ನಮ್ಮ ‘ಕುಂಭೀರ’ ಎಂಬ ಸಂಸ್ಕೃತ ಶಬ್ದದಿಂದ, ಎಂದರೆ ಮೊಸಳೆಯಿಂದ, ಬಂದುದೆಂದು ತಿಳಿದಾಗ ನನಗಾದ ಸಂತೋಷವನ್ನು ಹೇಳತೀರದು. ಮುಖ್ಯಮಂದಿರಕ್ಕೆ 785 ಮೆಟ್ಟಿಲುಗಳು. ಅವನ್ನು ಹತ್ತಿ ಇಳಿಯುವಷ್ಟರಲ್ಲಿ ಸಂತೋಷವು ಮೊಣಕಾಲಿನವರೆಗೆ ಇಳಿದಿತ್ತು. ಆಗ ಮಗಳು ತನ್ನ ನಿಜವಾದ ಉದ್ದೇಶವನ್ನು ಹೊರಗೆಡಹಿದಳು. ಮರುದಿನ ಬೆಳಿಗ್ಗೆ ಊರಿನ ಒಂದು ಪಾಠಶಾಲೆಯಲ್ಲಿ ಉದೊನ್ ಮಾಡುವುದನ್ನು ಕಲಿಯಲು ನಮ್ಮಿಬ್ಬರ ಹೆಸರನ್ನೂ ಬರೆಯಿಸಿದ್ದಳು!

ಉದೊನ್ ಎಂದರೆ ಗೋಧಿಯ ಹಿಟ್ಟಿನ ದಪ್ಪ ಶಾವಿಗೆ. ಕಾಗಾವಾದ ಹಳೆಯ ಹೆಸರು ಸಾನುಕಿ. ಸಾನುಕಿಯ ಉದೊನ್ ಜಪಾನಿನಲ್ಲೆಲ್ಲ ಪ್ರಸಿದ್ಧ. 2011ರಲ್ಲಿ ಅಲ್ಲಿಯವರು ತಮ್ಮ ನಾಡನ್ನು ‘ಉದೊನ್ ಪ್ರಾಂತ’ವೆಂದೇ ಜಾಹೀರು ಮಾಡಿಕೊಂಡರು. ಈ ಅಭಿಮಾನದ ಮೂಲದಲ್ಲಿ ಒಂದು ಕೊರತೆಯಿದೆ. ಅಲ್ಲಿ ಮಳೆ ಕಡಿಮೆ, ನದಿಗಳು ಚಿಕ್ಕವು. ನಮ್ಮಲ್ಲಿಯಂತೆ ಕೆರೆಗಳೇ ಗತಿ. ಭತ್ತದ ಬೆಳೆಯಾದ ಮೇಲೆ ಅದೇ ಗದ್ದೆಯಲ್ಲಿ ಗೋಧಿಯನ್ನು ಬಿತ್ತಿ ಹೊಟ್ಟೆ ಹೊರೆದುಕೊಂಡವರು ಅವರು. ಆ ನಾಡಿನಲ್ಲಿ 774ರಲ್ಲಿ ಹುಟ್ಟಿದ ಕೂಕಾಯ್ ಎಂಬ ಬೌದ್ಧ ಯತಿಯು 804ರಲ್ಲಿ ಚೀನಾಕ್ಕೆ ಹೋಗಿ 806ರಲ್ಲಿ ಮರಳಿದಾಗ ಉದೊನ್ ಮಾಡುವ ವಿದ್ಯೆಯನ್ನೂ ತಂದನೆಂದು ಐತಿಹ್ಯ. ಐತಿಹ್ಯವನ್ನು ಹೇಗಾದರೂ ಎಣಿಸಬಹುದು. ಆದರೆ ಆತನು 821ರಲ್ಲಿ ಮನ್ನೋ ಎಂಬ ದೊಡ್ಡ ಕೆರೆಯ ಏರಿಯನ್ನು ಸರಿಪಡಿಸಿದುದು ಚರಿತ್ರೆ. ಕೆರೆಯನ್ನು ಕಟ್ಟಿದವನಿಗೆ ಅನ್ನದ ಕೀರ್ತಿಯನ್ನೂ ಕೊಡುವುದು ಜನರ ನ್ಯಾಯ. ಈಗಲಾದರೋ ಸಾನುಕಿಯ ಉದೊನಿಗೆ ಬಹುಮಟ್ಟಿಗೆ ಆಸ್ಟ್ರೇಲಿಯದ ಗೋಧಿಯೇ ಬರುತ್ತದೆ.

ಪಾಠಶಾಲೆಯೆಂದರೆ ಉದ್ದನೆಯ ಮಣೆಗಳಿದ್ದ ಒಂದು ಪಡಸಾಲೆ. ಉಪಾಧ್ಯಾಯಿನಿಯು ಎಪ್ಪತ್ತರ ಸಮೀಪದ ಗಟ್ಟಿಮುಟ್ಟಾದ ಹೆಂಗಸು; ಎಲ್ಲರೂ ಆಕೆಯನ್ನು ಗುರುಗಳೆಂಬ ಅರ್ಥದ ‘ಸೆನ್ಸೆಯ್’ ಎಂಬ ಮಾತಿನಿಂದ ಕರೆಯುತ್ತಿದ್ದರು. ಹಿಟ್ಟು, ನೀರು, ಉಪ್ಪು ಇವು ಮೂರೇ ಸಾಮಗ್ರಿಗಳು. ಉಪ್ಪಿನ ಅಳತೆಗೆ ಅವರಲ್ಲಿ ಬಾಯಿಪಾಠದ ಸೂತ್ರವೊಂದಿದೆ. ಒಂದು ಬಟ್ಟಲು ಉಪ್ಪಿಗೆ ಕಡುಬೇಸಗೆಯಲ್ಲಿ ಮೂರು ಬಟ್ಟಲು ನೀರು, ಚಳಿಗಾಲದಲ್ಲಿ ಆರು, ಉಳಿದ ಕಾಲದಲ್ಲಿ ಐದು. ಉಪ್ಪು ಕಣಕದ ಜಿಗುಟನ್ನು ಬಿಗಿಗೊಳಿಸುತ್ತದೆ; ಸೆಕೆಗೆ ಕಣಕವು ಸಡಿಲಾಗುವುದರಿಂದ ಬೇಸಗೆಯಲ್ಲಿ ಉಪ್ಪು ಹೆಚ್ಚು ಬೇಕು. ಕುದಿಸುವಾಗ ಅದರ ಬಹುಭಾಗವು ನೀರಿಗೆ ಇಳಿದುಹೋಗುತ್ತದೆ. ನಾವು ಹೋದದ್ದು ವಸಂತಕಾಲವಾದುದರಿಂದ ಐದರ ಲೆಕ್ಕ. ಉಪ್ಪುನೀರನ್ನು ಸ್ವಲ್ಪ ಸ್ವಲ್ಪವಾಗಿ ಚಿಮುಕಿಸಿ, ಬೆರಳ ತುದಿಗಳಿಂದ ಹಿಟ್ಟನ್ನು ಕಲಸಿ ಉಂಡೆಮಾಡಿದೆವು. ಉಂಡೆಯು ಕಲ್ಲಿನಂತೆ ಗಟ್ಟಿಯಾಗಿತ್ತು. ಇದನ್ನು ನಾದುವುದು ಹೇಗೆಂದು ನಾನು ತೋಳನ್ನು ನೋಡಿಕೊಳ್ಳುತ್ತಿರುವಾಗ, ಸೆನ್ಸೆಯ್ ಅದನ್ನು ದಪ್ಪನೆಯ ಚೀಲವೊಂದರಲ್ಲಿ ಹಾಕಿ ನೆಲದ ಮೇಲಿಟ್ಟು, ಹತ್ತಿ ತುಳಿಯುವಂತೆ ಸನ್ನೆಮಾಡಿದಳು. ಯಂತ್ರದಿಂದ ಕುಣಿತದ ಹಾಡೊಂದು ಹೊರಟಿತು. ಮಗಳೂ ಉಳಿದವರೂ ಚೀಲಗಳ ಮೇಲೆ ನಿಂತು ತಾಳಕ್ಕೆ ಸರಿಯಾಗಿ ತುಳಿಯತೊಡಗಿದರು. ನನ್ನ ಕಾಲು ಮಾತ್ರ ಏಳಲಿಲ್ಲ.

ಇಲ್ಲಿ ನಾನು ಹಿಂದಿನ ಸಂಗತಿಯೊಂದನ್ನು ಹೇಳಬೇಕು. ಅದು 1966ನೆಯ ಇಸವಿ. ಹಿಂದಿನ ವರುಷ ಮಳೆಯು ಕೈಕೊಟ್ಟಿತ್ತು. ಧಾರವಾಡ ಜಿಲ್ಲೆಯ ನಮ್ಮ ಹಳ್ಳಿಯಲ್ಲಿ ಜನರು ರೇಶನ್ ಅಂಗಡಿಯ ಅಮೆರಿಕದ ಗೋಧಿಗಾಗಿ ಸಾಲುಹಿಡಿದು ನಿಲ್ಲುತ್ತಿದ್ದರು. ಅದೇ ವರುಷ ಅಕ್ಕನ ಮದುವೆ. ಅವ್ವನು ಆ ಗೋಧಿಯಲ್ಲಿಯೇ ಹಿಡಿಹಿಡಿಯಾಗಿ ಉಳಿಸಿ, ಓಣಿಯ ಹೆಂಗಸರನ್ನು ಕೂಡಿಸಿಕೊಂಡು ಮಣೆಯ ಮೇಲೆ ಶಾವಿಗೆ ಹೊಸೆದಳು. ಮಾಳಿಗೆಯ ಮೇಲೆ ಧೋತರವನ್ನು ಹಾಸಿ ಅದನ್ನು ಒಣಗಹಾಕಿದ್ದಳು. ನಾನು ಹತ್ತು ವರುಷದವನು. ಆಡುತ್ತಿದ್ದ ಚಿಣ್ಣಿಯು ಮಾಳಿಗೆಯ ಮೇಲೆ ಹಾರಿತೆಂದು ಓಡಿ ಹತ್ತಿ, ಮೇಲೆ ನೋಡುತ್ತ ಶಾವಿಗೆಯನ್ನು ಮಣ್ಣುಗಾಲಿನಿಂದ ತುಳಿದುಬಿಟ್ಟೆನು.

ಅವ್ವನು ಹೊಡೆಯಲಿಲ್ಲ. “ಅನ್ನ ಅದು, ತಮ್ಮಾ, ಕಣ್ಣಿಗೆ ಒತ್ತಿಕೋ” ಎಂದಷ್ಟೇ ಹೇಳಿದಳು. ನಾನು ಒತ್ತಿಕೊಂಡು ಆಟಕ್ಕೆ ಹೋದೆನು. ಮುರಿದ ಎಳೆಗಳನ್ನು ಆಕೆ ಬೇರೆ ಆಯ್ದು ಒಂದು ಅರಿವೆಯಲ್ಲಿ ಕಟ್ಟಿಟ್ಟಳು. ಮದುವೆಯಲ್ಲಿ ಬೀಗರಿಗೆ ಉಳಿದ ಶಾವಿಗೆಯ ಪಾಯಸವಾಯಿತು. ಆಮೇಲೆ ಅನೇಕ ರಾತ್ರಿ, ನಮಗೆ ರೊಟ್ಟಿ ಬಡಿಸಿ ಮುಗಿದ ಮೇಲೆ, ಅವ್ವನು ಒಲೆಯ ಮುಂದೆ ಒಬ್ಬಳೇ ಕುಳಿತು ಆ ತುಳಿದ ಶಾವಿಗೆಯನ್ನು ಬೆಲ್ಲದೊಡನೆ ಉಣ್ಣುತ್ತಿದ್ದಳು. ಒಂದು ರಾತ್ರಿ ಹಾಸಿಗೆಯಲ್ಲಿ ಎಚ್ಚರವಾಗಿದ್ದ ನನಗೆ ಆಕೆಯ ಹಲ್ಲಿಗೆ ಮರಳು ಸಿಕ್ಕ ಸಪ್ಪಳವು ಕೇಳಿಸಿತು. ನಾನು ಹೊದಿಕೆಯನ್ನು ತಲೆಯ ಮೇಲೆ ಎಳೆದುಕೊಂಡೆನು. ಈ ವಿಷಯವನ್ನು ನಾನು ಆಕೆಯೊಡನೆ ಎಂದೂ ಮಾತಾಡಲಿಲ್ಲ. ಆಕೆ ತೀರಿಕೊಂಡು ಬಹುಕಾಲವಾಯಿತು.

ಪಡಸಾಲೆಯಲ್ಲಿ ನಾನು ಚೀಲದ ಮುಂದೆ ನಿಂತೇ ಇದ್ದೆನು. ಸೆನ್ಸೆಯ್ ಬಂದು ಮಗಳೊಡನೆ ಏನನ್ನೋ ಕೇಳಿದಳು. “ಅಪ್ಪಾ, ಕಾಲು ನೋಯ್ತಾವೇನು ಅಂತ ಕೇಳ್ತಾರ, ಕುರ್ಚಿ ತರ್ಲೇನು ಅಂತಾರ” ಎಂದಳು ಮಗಳು. ಕಾಲುನೋವೆಂದು ಹೇಳಿಬಿಟ್ಟಿದ್ದರೆ ಸುಲಭವಾಗುತ್ತಿತ್ತು. 785 ಮೆಟ್ಟಿಲುಗಳು ನನ್ನ ಪರವಾಗಿ ಸಾಕ್ಷಿ ನುಡಿಯುತ್ತಿದ್ದುವು. ಆದರೆ ಏಕೋ ಸುಳ್ಳಾಡಲು ಮನಸ್ಸಾಗಲಿಲ್ಲ. ನಮ್ಮಲ್ಲಿ ಅನ್ನಕ್ಕೆ ಕಾಲು ತಗಲಿಸುವುದಿಲ್ಲವೆಂದು ಹೇಳಿಸಿದೆನು.

ಆಕೆ ನಗಲಿಲ್ಲ. ಸ್ವಲ್ಪ ಹೊತ್ತು ಯೋಚಿಸಿ ಹೇಳಿದುದರ ತಾತ್ಪರ್ಯವಿಷ್ಟು: “ನಮ್ಮಲ್ಲಿಯೂ ಉಣ್ಣುವ ಮೊದಲು ಕೈಮುಗಿಯುತ್ತೇವೆ. ಈ ಕಣಕ ಕೈಗೆ ಬಗ್ಗುವುದಿಲ್ಲ. ಅದಕ್ಕೆ ಇಡಿಯ ಮೈಯ ಭಾರ ಬೇಕು. ನಮ್ಮ ತಾಯಿ ನನ್ನನ್ನು ಬೆನ್ನಿಗೆ ಕಟ್ಟಿಕೊಂಡು ತುಳಿಯುತ್ತಿದ್ದಳು. ನನ್ನ ಭಾರವೂ ಉಪಯೋಗಕ್ಕೆ ಬಂತೆಂದು ಹೇಳುತ್ತಿದ್ದಳು.”

ಮುಂಜಾನೆ ಎದ್ದು ನೆಲಕ್ಕೆ ಕಾಲಿಡುವ ಮೊದಲು ಭೂಮಿಯನ್ನು ಮುಟ್ಟಿ ಕ್ಷಮೆ ಬೇಡುವ ಪದ್ಧತಿಯೊಂದು ನಮ್ಮಲ್ಲಿದೆಯಷ್ಟೆ? ತುಳಿಯದೆ ಬಾಳಲಾರೆವು, ಆದುದರಿಂದ ಕೇಳಿ ತುಳಿಯುತ್ತೇವೆ. ನಾನು ಬಗ್ಗಿ ಆ ಚೀಲವನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡು ಹತ್ತಿದೆನು. ಹಿಮ್ಮಡಿಯ ಕೆಳಗೆ ಕಣಕವು ಮೊದಲು ಹಟಮಾಡಿತು; ಆಮೇಲೆ ಮೆಲ್ಲನೆ ಹರಡಿತು. ಹರಡಿದುದನ್ನು ಮಡಿಸಿ, ಮತ್ತೆ ಇಟ್ಟು, ಮತ್ತೆ ತುಳಿದೆನು. ಸೆನ್ಸೆಯ್ ಮುಟ್ಟಿ ನೋಡಿ, “ಕೊಶಿ” ಎಂದು ತಲೆಯಾಡಿಸಿದಳು. ಹಲ್ಲಿಗೆ ಎದುರುಕೊಡುವ ಉದೊನಿನ ಕಸುವಿಗೆ ಆ ಹೆಸರು. ಸೊಂಟವೆಂಬುದು ಶಬ್ದದ ಮೂಲಾರ್ಥ. ಆ ಹೊತ್ತಿಗೆ ನನ್ನ ಸ್ವಂತದ ಕೊಶಿಯು ಕಳಚಿ ಬೀಳುವಂತಿತ್ತು.

ಇನ್ನು ಲಟ್ಟಿಸಿ ಕೊಯ್ಯುವುದೆಂದು ನಾನು ಲಟ್ಟಣಿಗೆಯನ್ನು ಎತ್ತಿಕೊಂಡೆನು. ಅಷ್ಟರಲ್ಲಿ ನನ್ನ ಚೀಲವನ್ನು ಒಯ್ದು ಒಳಗಿಟ್ಟರು. ತುಳಿದ ಕಣಕವು ಎರಡು ತಾಸಾದರೂ ವಿಶ್ರಮಿಸಬೇಕಂತೆ. ನಾವು ತುಳಿದುದು ಮಧ್ಯಾಹ್ನದ ತಂಡಕ್ಕೆ. ನಮಗೆ ದೊರೆತದ್ದು ನಮಗಿಂತ ಮೊದಲು ಬಂದಿದ್ದವರು ತುಳಿದಿಟ್ಟುದು. ಅವರು ಯಾರೋ, ಯಾವ ದೇಶದವರೋ! ಅನ್ನವನ್ನು ತುಳಿಯಲಾರೆನೆಂದು ನಿಂತವನು ಈಗ ಅಪರಿಚಿತನೊಬ್ಬನು ತುಳಿದುದನ್ನು ಉಣ್ಣಬೇಕಾಗಿತ್ತು.

ಲಟ್ಟಿಸಿ, ಪದರಪದರವಾಗಿ ಮಡಿಸಿ, ಅಗಲವಾದ ಕತ್ತಿಯಿಂದ ಕೊಯ್ದೆವು. ಮಗಳ ಎಳೆಗಳು ಒಂದೇ ಸಮನಾಗಿದ್ದುವು. ನನ್ನವುಗಳಲ್ಲಿ ಕೆಲವು ಜನಿವಾರದಂತೆ, ಕೆಲವು ಹಗ್ಗದಂತೆ. ಹದಿನೈದು ನಿಮಿಷ ಕುದಿಸಿ ತಣ್ಣೀರಿನಲ್ಲಿ ತೊಳೆದರು. ಅಲ್ಲಿಯ ಸಾರು ಒಣಗಿಸಿದ ಸಣ್ಣ ಮೀನಿನದಾದುದರಿಂದ ನನಗೆ ಸಲ್ಲದು. ಸೋಯಾ ಅವರೆಯ ಕಪ್ಪು ರಸವನ್ನು ಬರಿದೆ ಸುರಿದು, ಹೆರೆದ ಶುಂಠಿಯೊಡನೆ ಕೊಟ್ಟರು. ಹಾಗೆ ಉಣ್ಣುವ ರೂಢಿ ಅವರಲ್ಲಿಯೂ ಇದೆ.

ಎಲ್ಲರೂ ಕೈಮುಗಿದರು, ನಾನೂ ಮುಗಿದೆನು. ಮೊದಲ ತುತ್ತು ಹಲ್ಲಿಗೆ ಎದುರುಕೊಟ್ಟು, ಆಮೇಲೆ ಸೋತು, ನುಣ್ಣಗೆ ಇಳಿಯಿತು. ಹೇಸಿಕೆಯಾಗಲಿಲ್ಲ. ನಾನು ಕಾಯುತ್ತಿದ್ದುದು ಬೇರೊಂದಕ್ಕೆ ಎಂಬುದು ಆಗ ತಿಳಿಯಿತು, ಮರಳಿನ ಸಪ್ಪಳಕ್ಕೆ. ಅದು ಬರಲಿಲ್ಲ. ಇಷ್ಟು ವರುಷ ನಾನು, ಅನ್ನವನ್ನು ಚೆಲ್ಲಬಾರದೆಂಬ ನಿಯಮಕ್ಕಾಗಿ ಅವ್ವನು ಆ ಶಾವಿಗೆಯನ್ನು ಉಂಡಳೆಂದು ತಿಳಿದಿದ್ದೆನು. ನಿಯಮವು ನಮ್ಮೆಲ್ಲರದು, ಹಂಚಿ ಉಣ್ಣಬಹುದಾಗಿತ್ತು. ನನ್ನ ಕಾಲಿನ ತಪ್ಪನ್ನು ಆಕೆ ಒಬ್ಬಳೇ ಉಂಡು ಮುಗಿಸಿದಳು. ಬೀಗರಿಗೂ ಬಡಿಸಲಿಲ್ಲ, ನನಗೂ ಬಡಿಸಲಿಲ್ಲ.

“ಅಪ್ಪಾ, ಖಾರ ಆತೇನು?” ಎಂದು ಮಗಳು ಕೇಳಿದಳು. ಶುಂಠಿಯೆಂದು ಹೇಳಿ ಕಣ್ಣೊರಸಿಕೊಂಡೆನು. ಆದರೆ ಹಿಂತಿರುಗುವ ಗಾಡಿಯು ಸೇತುವೆಯ ಮೇಲೆ ಬಂದಾಗ ಅವಳಿಗೆ ಅವ್ವನ ಸಂಗತಿಯನ್ನೆಲ್ಲ ಹೇಳಿದೆನು. ನಾನು ಅದನ್ನು ಬಾಯಿಬಿಟ್ಟು ಹೇಳಿದುದು ಅದೇ ಮೊದಲು.

ನಾನು ತುಳಿದ ಕಣಕವನ್ನು ಆ ಮಧ್ಯಾಹ್ನ ಯಾರು ಉಂಡರೋ ಅರಿಯೆನು. ಅದರಲ್ಲಿ ಮರಳಿರಲಿಲ್ಲವೆಂಬುದನ್ನು ಮಾತ್ರ ಬಲ್ಲೆನು.